ವಿಆರ್ ಹೆಡ್‌ಸೆಟ್‌ನಲ್ಲಿ ದೃಶ್ಯ ಸರಿದರೆ, ವಾಲಿದರೆ, ಎರಡಾಗಿ ಕಂಡರೆ

ಪ್ರಶ್ನೆ: ಒಬ್ಬರು ಬಳಸಿದ್ದ ಮೆಟಾ ಕ್ವೆಸ್ಟ್ 2 ವಿಆರ್ ಹೆಡ್‌ಸೆಟ್ (ಕಣ್ಣಿಗೆ ಕಟ್ಟಿಕೊಂಡು ಕಾಲ್ಪನಿಕ ಲೋಕವನ್ನು ನೋಡುವ ಸಾಧನ) ಕೊಂಡಿದ್ದೇನೆ. ಆನ್ ಮಾಡಿದಾಗ ಮೆನು ಎದುರಿಗೆ ಬರದೆ ಎಡಕ್ಕೆ ಸರಿದಿರುತ್ತದೆ. ಕೆಲವು ಸಲ ಇಡೀ ದೃಶ್ಯವೇ ಒಂದು ಬದಿಗೆ ವಾಲಿಕೊಂಡಿರುತ್ತದೆ. ಅಕ್ಷರಗಳು ನೆರಳು ಬಿದ್ದಂತೆ ಎರಡೆರಡಾಗಿ ಕಾಣುತ್ತವೆ, ಸ್ವಲ್ಪ ಹೊತ್ತಿಗೇ ಹುಬ್ಬಿನ ಮೇಲ್ಭಾಗ ನೋಯತೊಡಗುತ್ತದೆ. ರೀಸೆಂಟರ್ ಮಾಡಿದರೆ, ಅಂದರೆ ದೃಶ್ಯವನ್ನು ಮತ್ತೆ ಎದುರಿಗೆ ತಂದುಕೊಂಡರೆ, ಮೊದಲನೆಯದು ಮಾತ್ರ ಸರಿಹೋಗುತ್ತದೆ. ಹೆಡ್‌ಸೆಟ್ ಕೆಟ್ಟಿದೆಯೇ?
— ಓದುಗರೊಬ್ಬರು, ಹುಬ್ಬಳ್ಳಿ

ಉತ್ತರ: ನೀವು ಹೇಳಿರುವುದು ಒಂದು ದೋಷವಲ್ಲ, ಮೂರು. ಮೂರಕ್ಕೂ ಮೂಲ ಬೇರೆಯಾದುದರಿಂದ ಒಂದೇ ಗುಂಡಿ ಒತ್ತಿ ಎಲ್ಲವನ್ನೂ ಸರಿಪಡಿಸಲು ಬರುವುದಿಲ್ಲ. ಆದ್ದರಿಂದ ಸೆಟ್ಟಿಂಗ್ಸ್‌ಗೆ ಕೈಹಾಕುವ ಮುನ್ನ ಒಂದು ಪರೀಕ್ಷೆ ಮಾಡಿ. ಹೆಡ್‌ಸೆಟ್ ಧರಿಸಿ, ತಲೆಯನ್ನು ಅಲುಗಿಸದೆ ಒಂದು ಕಣ್ಣು ಮುಚ್ಚಿ ನೋಡಿ. ಬಳಿಕ ಇನ್ನೊಂದನ್ನು ಮುಚ್ಚಿ ನೋಡಿ. ಒಂದು ಕಣ್ಣಿಂದ ನೋಡಿದಾಗಲೂ ದೃಶ್ಯ ವಾಲಿದ್ದರೆ ಅಥವಾ ಪಕ್ಕಕ್ಕೆ ಸರಿದಿದ್ದರೆ ದೋಷವಿರುವುದು ಟ್ರ್ಯಾಕಿಂಗ್‌ನಲ್ಲಿ, ಅಂದರೆ ನಿಮ್ಮ ತಲೆ ಯಾವ ಕಡೆಗೆ ತಿರುಗಿದೆ ಎಂದು ಯಂತ್ರ ಹಾಕುವ ಲೆಕ್ಕದಲ್ಲಿ. ಒಂದು ಕಣ್ಣು ಮುಚ್ಚಿದೊಡನೆ ಎರಡಾಗಿ ಕಾಣುವುದು ನಿಂತುಹೋದರೆ ಅದು ಮಸೂರಕ್ಕೂ ನಿಮ್ಮ ಕಣ್ಣಿಗೂ ಸಂಬಂಧಿಸಿದ್ದು. ಅದನ್ನು ಎಷ್ಟು ರೀಸೆಂಟರ್ ಮಾಡಿದರೂ ಫಲವಿಲ್ಲ.

ಮೊದಲು ಎಡಕ್ಕೆ ಸರಿಯುವುದನ್ನು ನೋಡೋಣ. ಹೆಡ್‌ಸೆಟ್‌ನೊಳಗಿನ ಗೈರೊಸ್ಕೋಪ್ ತಲೆ ಎಷ್ಟು ವೇಗವಾಗಿ ತಿರುಗುತ್ತಿದೆ ಎಂಬುದನ್ನಷ್ಟೇ ಅಳೆಯುತ್ತದೆ. ಆ ವೇಗವನ್ನು ಕ್ಷಣಕ್ಷಣಕ್ಕೂ ಕೂಡಿಸುತ್ತ ಹೋಗಿ ತಲೆಯ ದಿಕ್ಕನ್ನು ಕಂಡುಹಿಡಿಯಲಾಗುತ್ತದೆ. ಪ್ರತಿ ಅಳತೆಯಲ್ಲಿರುವ ಅತಿ ಸಣ್ಣ ತಪ್ಪೂ ಜೊತೆಗೆ ಕೂಡುತ್ತ ಬೆಳೆಯುತ್ತದೆ. ಇದನ್ನು ತಿದ್ದಲು ಗುರುತ್ವದ ದಿಕ್ಕನ್ನು ತಿಳಿಸುವ ಆಕ್ಸೆಲೆರೊಮೀಟರ್ ಇದೆ. ಆದರೆ ಗಾರೆ ಕೆಲಸದವರ ರಸಮಟ್ಟ ಗೋಡೆ ವಾಲಿದೆಯೇ ಎಂಬುದನ್ನು ಹೇಳಬಲ್ಲದೇ ಹೊರತು ಆ ಗೋಡೆ ಪೂರ್ವಕ್ಕೆ ಮುಖ ಮಾಡಿದೆಯೋ ಉತ್ತರಕ್ಕೋ ಎಂದು ಹೇಳಲಾರದಷ್ಟೆ. ಹಾಗೆಯೇ ಆಕ್ಸೆಲೆರೊಮೀಟರ್ ತಲೆಯ ಓರೆಯನ್ನು ತಿದ್ದಬಲ್ಲದು, ಎಡಬಲದ ತಿರುಗನ್ನು ತಿದ್ದಲಾರದು. ಆ ಕೆಲಸವನ್ನು ಕ್ವೆಸ್ಟ್ 2ರ ಮುಂಭಾಗದ ಮೂಲೆಗಳಲ್ಲಿರುವ ನಾಲ್ಕು ಕ್ಯಾಮೆರಾಗಳು, ಕೋಣೆಯಲ್ಲಿ ಕದಲದೆ ಇರುವ ಅಂಚು ಮೂಲೆಗಳನ್ನು ಗುರುತಿಟ್ಟುಕೊಂಡು ಮಾಡುತ್ತವೆ. ಬೇರೆ ಕಡೆ ಮುಖ ಮಾಡಿ ಹೆಡ್‌ಸೆಟ್ ಆನ್ ಮಾಡಿದ್ದರೆ ಮೆನು ಪಕ್ಕದಲ್ಲಿ ತೆರೆದುಕೊಳ್ಳುವುದು ಸಹಜ. ನೇರವಾಗಿ ಕುಳಿತು, ಬಲ ಕಂಟ್ರೋಲರ್‌ನ ಮೆಟಾ ಗುಂಡಿಯನ್ನು (ಹಳೆಯ ಕಂಟ್ರೋಲರ್‌ಗಳಲ್ಲಿ ಆಕ್ಯುಲಸ್ ಗುರುತಿನದು) ಕೆಲವು ಕ್ಷಣ ಒತ್ತಿ ಹಿಡಿದರೆ ಸಾಕು. ಆದರೆ ಆಡುತ್ತಿರುವಾಗಲೇ ದೃಶ್ಯ ಮೆಲ್ಲಗೆ ಜಾರುತ್ತಿದ್ದರೆ ಕ್ಯಾಮೆರಾಗಳಿಗೆ ಹಿಡಿತ ಸಿಗುತ್ತಿಲ್ಲ ಎಂದರ್ಥ. ಮಂದ ಬೆಳಕು, ದೊಡ್ಡ ಕನ್ನಡಿ, ಒಂದು ಚಿತ್ರವೂ ಇಲ್ಲದ ಬಿಳಿ ಗೋಡೆ, ಗಾಳಿಗೆ ಸದಾ ಅಲುಗುವ ಪರದೆ, ಇವೆಲ್ಲವೂ ಕಾರಣವಾಗಬಹುದು.

ನಮ್ಮಲ್ಲಿ ಹಲವರ ಗಮನಕ್ಕೆ ಬಾರದ ಇನ್ನೊಂದು ಸಂಗತಿಯಿದೆ. ಭಾರತದ ವಿದ್ಯುತ್ತು 50 ಹರ್ಟ್ಸ್‌ನದು; ಆದ್ದರಿಂದ ಅನೇಕ ದೀಪಗಳು ಕಣ್ಣಿಗೆ ತಿಳಿಯದಂತೆ ಸೆಕೆಂಡಿಗೆ 100 ಬಾರಿ ಮಿನುಗುತ್ತವೆ. ಅಮೆರಿಕದ ವಿದ್ಯುತ್ತು 60 ಹರ್ಟ್ಸ್. ಈ ಮಿನುಗು ಕ್ಯಾಮೆರಾಗಳ ಹಿಡಿತವನ್ನು ಕೆಡಿಸಬಹುದು; ಅದಕ್ಕೆಂದೇ ಹೆಡ್‌ಸೆಟ್‌ನ ಟ್ರ್ಯಾಕಿಂಗ್ ಸೆಟ್ಟಿಂಗ್ಸ್‌ನಲ್ಲಿ ಆವರ್ತನದ ಆಯ್ಕೆ ಇರುತ್ತದೆ. ನೀವು ಕೊಂಡಿರುವುದು ಅಮೆರಿಕದಿಂದ ತಂದ ಹೆಡ್‌ಸೆಟ್ ಆಗಿದ್ದು, ಹಿಂದಿನವರು ಅದನ್ನು 60ಕ್ಕೆ ಹೊಂದಿಸಿಟ್ಟಿದ್ದರೆ, 50ಕ್ಕೆ ಬದಲಾಯಿಸಿ ಅಥವಾ ತಾನಾಗಿ ಆರಿಸಿಕೊಳ್ಳಲು ಬಿಡಿ.

ವಾಲಿಕೊಂಡು ಕಾಣುವುದು ಇದಕ್ಕಿಂತ ಗಂಭೀರವಾದದ್ದು, ಏಕೆಂದರೆ ಗುರುತ್ವವೇ ತಿದ್ದಬೇಕಾದ ಓರೆ ತಿದ್ದಿಕೊಳ್ಳದೆ ಉಳಿದಿದೆ. ಹೆಡ್‌ಸೆಟ್ ಅನ್ನು ನಿದ್ರಾಸ್ಥಿತಿಗೆ ಬಿಡುವುದಲ್ಲ, ಪವರ್ ಗುಂಡಿ ಒತ್ತಿ ಹಿಡಿದು ಪೂರ್ತಿ ಆರಿಸಿ. ಕ್ಯಾಮೆರಾಗಳ ಮೇಲೆ ರಕ್ಷಣಾ ಹಾಳೆ ಅಂಟಿದ್ದರೆ ತೆಗೆದು, ಒಣ ಮೈಕ್ರೊಫೈಬರ್ ಬಟ್ಟೆಯಿಂದ ಒರೆಸಿ. ಕೋಣೆಯಲ್ಲಿ ಬೆಳಕು ಮಾಡಿ, ಹೆಡ್‌ಸೆಟ್ ಅನ್ನು ಅಲುಗದ ಮೇಜಿನ ಮೇಲಿಟ್ಟು ಆನ್ ಮಾಡಿ, ಅದು ಪೂರ್ತಿ ಎಚ್ಚೆತ್ತ ಮೇಲೆಯೇ ಕೈಗೆತ್ತಿಕೊಳ್ಳಿ. ಅನಂತರ ಹಳೆಯ ಬೌಂಡರಿಗಳ (ಆಡುವ ಜಾಗದ ಸುತ್ತಲಿನ ಗಡಿಗೆರೆಗಳ) ನೆನಪನ್ನು ಅಳಿಸಿ ಹೊಸದಾಗಿ ಗೆರೆ ಎಳೆಯಿರಿ. ಹಾಗೆ ಎಳೆಯುವಾಗ ಕಾಣುವ ನೆಲದ ಜಾಲರಿ ನಿಜವಾದ ನೆಲಕ್ಕೆ ಅಂಟಿಕೊಂಡಂತಿರಬೇಕು. ಇಷ್ಟಾದ ಮೇಲೂ ಅದು ಒಂದು ಕಡೆ ಮೇಲೆದ್ದು ಇನ್ನೊಂದು ಕಡೆ ನೆಲದೊಳಗೆ ಮುಳುಗಿದಂತಿದ್ದರೆ, ಹೆಡ್‌ಸೆಟ್ ಹಿಂದೆಂದೋ ಕೆಳಗೆ ಬಿದ್ದು ಕ್ಯಾಮೆರಾ ಅಥವಾ ಸೆನ್ಸರ್ ಅದರ ಸ್ಥಾನದಿಂದ ಕದಲಿರುವ ಸಾಧ್ಯತೆ ಹೆಚ್ಚು. ಕಾರ್ಖಾನೆಯಲ್ಲಿ ಮಾಡಿದ ಆ ಹೊಂದಾಣಿಕೆಯನ್ನು ಮನೆಯಲ್ಲಿ ಮರಳಿ ತರಲಾಗದು. ಕೊಟ್ಟವರನ್ನು ಕೇಳಿ ತಿಳಿದುಕೊಳ್ಳಿ. ದಯವಿಟ್ಟು ನೀವೇ ಬಿಚ್ಚಬೇಡಿ.

ಇನ್ನು ಎರಡಾಗಿ ಕಾಣುವುದು. ನಿಮಗೆ ನೋವು ತರುತ್ತಿರುವುದು ಬಹುಶಃ ಇದೇ, ಮತ್ತು ನನ್ನ ದೃಷ್ಟಿಯಲ್ಲಿ ಮೂರರಲ್ಲಿ ಮೊದಲು ಸರಿಪಡಿಸಬೇಕಾದದ್ದೂ ಇದೇ. ಕಣ್ಣುಪಾಪೆಗಳ ನಡುವಿನ ಅಂತರ ವಯಸ್ಕರಲ್ಲಿ ಸರಾಸರಿ 63 ಮಿಲಿಮೀಟರಿನ ಆಸುಪಾಸಿನಲ್ಲಿದ್ದರೂ ವ್ಯಕ್ತಿಯಿಂದ ವ್ಯಕ್ತಿಗೆ ಸಾಕಷ್ಟು ಬದಲಾಗುತ್ತದೆ. ಕ್ವೆಸ್ಟ್ 2ರ ಮಸೂರಗಳನ್ನು 58, 63, 68 ಮಿಲಿಮೀಟರುಗಳ ಮೂರು ಸ್ಥಾನಗಳಲ್ಲಿ ನಿಲ್ಲಿಸಬಹುದು. ಯಾವ ಸ್ಥಾನದಲ್ಲಿವೆ ಎಂಬುದು ಮಸೂರಗಳ ನಡುವೆ 1, 2, 3 ಎಂಬ ಅಂಕಿಗಳಲ್ಲಿ ಕಾಣುತ್ತದೆ. ನಿಮ್ಮ ಹೆಡ್‌ಸೆಟ್ ಇನ್ನೂ ಹಿಂದಿನವರ ಕಣ್ಣಿಗೆ ಹೊಂದಿಸಿದಂತೆಯೇ ಇರಬಹುದು. ಕನ್ನಡಕದಂಗಡಿಯಲ್ಲಿ ಕೇಳಿದರೆ ಪಾಪೆಗಳ ಅಂತರವನ್ನು ಅಳೆದು ಕೊಡುತ್ತಾರೆ. ಮನೆಯಲ್ಲಾದರೆ ನೀವು ದೂರದ ವಸ್ತುವೊಂದನ್ನು ದಿಟ್ಟಿಸುತ್ತಿರುವಾಗ ಇನ್ನೊಬ್ಬರು ಹುಬ್ಬಿನ ಕೆಳಗೆ ಅಳತೆಪಟ್ಟಿ ಹಿಡಿದು, ಒಂದು ಪಾಪೆಯ ನಡುವಿನಿಂದ ಮತ್ತೊಂದರ ನಡುವಿನವರೆಗೆ ಅಳೆಯಬಹುದು. 61ರವರೆಗೆ ಮೊದಲನೆಯ ಸ್ಥಾನ, 61ರಿಂದ 66ರವರೆಗೆ ಎರಡನೆಯದು, ಅದಕ್ಕೂ ಹೆಚ್ಚಿದ್ದರೆ ಮೂರನೆಯದು. ಮಸೂರಗಳನ್ನು ಅವುಗಳ ಚೌಕಟ್ಟು ಹಿಡಿದು ಸರಿಸಿ; ಎರಡು ಸ್ಥಾನಗಳ ಮಧ್ಯದಲ್ಲಿ ಅರ್ಧಕ್ಕೆ ನಿಲ್ಲದೆ ಸರಿಯಾಗಿ ಕೂರಬೇಕು.

ಅಂತರ ಸರಿಯಿದ್ದೂ ನೋವು ಹೋಗದಿದ್ದರೆ ಹೆಡ್‌ಸೆಟ್ ಮುಖದ ಮೇಲೆ ಓರೆಯಾಗಿ ಕೂತಿರಬಹುದು. ನಮ್ಮ ಕಣ್ಣುಗಳು ಎರಡು ಬಿಂಬಗಳ ನಡುವಿನ ಎಡಬಲದ ವ್ಯತ್ಯಾಸವನ್ನು ಸುಲಭವಾಗಿ ಹೊಂದಿಸಿಕೊಳ್ಳುತ್ತವೆ, ದೂರ ಹತ್ತಿರದ ಅರಿವು ಹುಟ್ಟುವುದೇ ಅದರಿಂದ. ಆದರೆ ಒಂದು ಬಿಂಬ ಇನ್ನೊಂದಕ್ಕಿಂತ ತುಸು ಮೇಲಿದ್ದರೂ ಸಹಿಸಿಕೊಳ್ಳಲು ಒದ್ದಾಡುತ್ತವೆ. ಹಿಂದಿನ ಪಟ್ಟಿಯನ್ನು ತಲೆಬುರುಡೆಯ ಉಬ್ಬಿನ ಕೆಳಗೆ ಕೂರಿಸಿ, ಮೇಲಿನ ಪಟ್ಟಿಯಿಂದ ಭಾರವನ್ನು ಹೊಂದಿಸಿ, ಸಣ್ಣ ಅಕ್ಷರಗಳಿರುವ ಪುಟವೊಂದನ್ನು ತೆರೆದು, ಹೆಡ್‌ಸೆಟ್ ಅನ್ನು ಮೇಲೆ ಕೆಳಗೆ ಮಾಡುತ್ತ ಅಕ್ಷರ ಅತ್ಯಂತ ಸ್ಪಷ್ಟವಾಗಿ ಕಾಣುವೆಡೆ ನಿಲ್ಲಿಸಿ. ಕ್ವೆಸ್ಟ್ 2ರ ಫ್ರೆನೆಲ್ ಮಸೂರಗಳಲ್ಲಿ (ಸುತ್ತು ಸುತ್ತಾದ ಗೀರುಗಳಿರುವ ತೆಳು ಮಸೂರಗಳು) ಸ್ಪಷ್ಟವಾಗಿ ಕಾಣುವ ಭಾಗ ಕಿರಿದು, ಹಾಗಾಗಿ ಇಲ್ಲಿ ತಾಳ್ಮೆ ಬೇಕು. ಎಲ್ಲ ಹೊಂದಿಸಿದರೂ ಎರಡಾಗಿಯೇ ಕಂಡರೆ, ಅಥವಾ ಹೆಡ್‌ಸೆಟ್ ಇಲ್ಲದಾಗಲೂ ಹಾಗೆ ಕಾಣುವುದುಂಟಾದರೆ, ನೇತ್ರವೈದ್ಯರಿಗೆ ತೋರಿಸಿ.

ಪ್ರಶ್ನೆ: ಆಟದಲ್ಲಿ ನಾನು ಸೊಂಟದವರೆಗೆ ನೆಲದಲ್ಲಿ ಹೂತಂತೆ ಇರುತ್ತೇನೆ. ಏನು ಮಾಡಬೇಕು?
— ಓದುಗರೊಬ್ಬರು, ಶಿವಮೊಗ್ಗ

ಉತ್ತರ: ನೆಲದ ಮಟ್ಟ ತಪ್ಪಾಗಿ ದಾಖಲಾಗಿದೆ. ಕ್ವೆಸ್ಟ್‌ನಲ್ಲಿ ಬೌಂಡರಿ ಹೊಸದಾಗಿ ಗುರುತಿಸುವಾಗ ನೆಲದ ಮಟ್ಟ ಕೇಳಿದೊಡನೆ ಕಂಟ್ರೋಲರ್ ಅನ್ನು ನೆಲಕ್ಕೆ ತಾಗಿಸಿ ದೃಢಪಡಿಸಿ. ಮಂಚ ಅಥವಾ ಕುರ್ಚಿಯ ಮೇಲೆ ತಾಗಿಸಬಾರದು. ಕಂಪ್ಯೂಟರಿಗೆ ಜೋಡಿಸಿ ಸ್ಟೀಮ್‌ವಿಆರ್ ತಂತ್ರಾಂಶ ಬಳಸುವವರು ರೂಮ್ ಸೆಟಪ್ ಅನ್ನು ಮತ್ತೆ ನಡೆಸಬೇಕು. ಕೆಲವು ಆಟಗಳು ಕುಳಿತು ಆಡುವುದಕ್ಕೂ ನಿಂತು ಆಡುವುದಕ್ಕೂ ಬೇರೆ ಎತ್ತರ ಇಟ್ಟುಕೊಂಡಿರುತ್ತವೆ; ಒಂದೇ ಆಟದಲ್ಲಿ ಮಾತ್ರ ಹೀಗಾದರೆ ಆ ಆಟದ ಸೆಟ್ಟಿಂಗ್ಸ್ ನೋಡಿ.

ಪ್ರಶ್ನೆ: ನನ್ನದು 2016ರ ಪ್ಲೇಸ್ಟೇಷನ್ ವಿಆರ್. ಎದುರಿನ ದೃಶ್ಯ ನಿಧಾನವಾಗಿ ಬಲಕ್ಕೆ ಹರಿಯುತ್ತದೆ. ಇದರಲ್ಲಿ ಮಸೂರ ಸರಿಸುವ ವ್ಯವಸ್ಥೆಯೂ ಕಾಣುತ್ತಿಲ್ಲ.
— ಓದುಗರೊಬ್ಬರು, ಮಂಗಳೂರು

ಉತ್ತರ: ಇದರಲ್ಲಿ ಲೆಕ್ಕ ತಿರುಗುಮುರುಗು. ಹೆಡ್‌ಸೆಟ್ ಮೇಲೆ ಕ್ಯಾಮೆರಾ ಇಲ್ಲ. ಟಿವಿಯ ಬಳಿಯ ಕ್ಯಾಮೆರಾ ಹೆಡ್‌ಸೆಟ್‌ನ 9 ನೀಲಿ ದೀಪಗಳನ್ನು ನೋಡುತ್ತಿರುತ್ತದೆ. ಆದುದರಿಂದ ನಿಮ್ಮ ಬೆನ್ನ ಹಿಂದಿನ ಕಿಟಕಿ, ಸೀರಿಯಲ್ ಸೆಟ್ ದೀಪ, ಗಾಜಿನ ಕಪಾಟಿನ ಪ್ರತಿಫಲನ, ಇವುಗಳನ್ನು ಮರೆಮಾಡಿ. ಕ್ಯಾಮೆರಾ ಅಲುಗದಂತೆ ನಿಲ್ಲಿಸಿ ಸುಮಾರು ಒಂದೂವರೆ ಮೀಟರು ದೂರದಲ್ಲಿ ಕುಳಿತುಕೊಳ್ಳಿ. ಹೆಡ್‌ಸೆಟ್ ಆನ್ ಆಗುವಾಗ ಕೈಯಲ್ಲಿ ಹಿಡಿದಿರದೆ ಮೇಜಿನ ಮೇಲೆ ನಿಶ್ಚಲವಾಗಿಡಿ. ಆಟದ ನಡುವೆ ಸರಿದರೆ ಕಂಟ್ರೋಲರ್‌ನ ಆಪ್ಷನ್ಸ್ ಗುಂಡಿಯನ್ನು ಒತ್ತಿ ಹಿಡಿಯಿರಿ. ಮಸೂರಗಳ ಬಗ್ಗೆ ನೀವು ಗಮನಿಸಿದ್ದು ನಿಜ, ಅವು ಸ್ಥಿರವಾದವು. ಕಣ್ಣಿನಿಂದ ಕಣ್ಣಿಗಿರುವ ದೂರವನ್ನು ಪ್ಲೇಸ್ಟೇಷನ್ 4ರ ಸೆಟ್ಟಿಂಗ್ಸ್‌ನಲ್ಲಿ ಅಳೆದು ದಾಖಲಿಸಬಹುದು, ಅದರಿಂದ ಬದಲಾಗುವುದು ಚಿತ್ರವೇ ಹೊರತು ಮಸೂರವಲ್ಲ.

ಪ್ರಶ್ನೆ: ಮಗಳಿಗೆ 11 ವರ್ಷ. ಕ್ವೆಸ್ಟ್ 2 ಹಾಕಿದಾಗ ಎಲ್ಲವೂ ಮಸುಕು ಎನ್ನುತ್ತಾಳೆ.
— ಓದುಗರೊಬ್ಬರು, ದಾವಣಗೆರೆ

ಉತ್ತರ: ಮಕ್ಕಳ ಪಾಪೆಗಳ ಅಂತರ ಕಡಿಮೆ. ಮಸೂರಗಳನ್ನು ಮೊದಲನೆಯ ಸ್ಥಾನಕ್ಕೆ ತಂದು, ಪಟ್ಟಿಗಳನ್ನು ಅವಳ ತಲೆಯ ಅಳತೆಗೆ ಬಿಗಿಮಾಡಿ, ಕೆಳಕ್ಕೆ ಜಾರದಂತೆ ನೋಡಿಕೊಳ್ಳಿ. ಆ ಸ್ಥಾನದಲ್ಲೂ ಮಸುಕಾಗಿದ್ದರೆ ಆ ಹೆಡ್‌ಸೆಟ್ ಸದ್ಯ ಅವಳ ಮುಖಕ್ಕೆ ಹೊಂದುವುದಿಲ್ಲ, ಒತ್ತಾಯದಿಂದ ಹಾಕಿಸಬೇಡಿ. ಮೆಟಾ 10ರಿಂದ 12 ವರ್ಷದವರಿಗೆ ಹೆತ್ತವರ ಹಿಡಿತದಲ್ಲಿರುವ ಖಾತೆಯ ಮೂಲಕ ಮಾತ್ರ ಬಳಕೆಗೆ ಅವಕಾಶ ಕೊಡುತ್ತದೆ, ಸೋನಿ ತನ್ನ ಹೆಡ್‌ಸೆಟ್ 12ಕ್ಕಿಂತ ಚಿಕ್ಕವರಿಗಲ್ಲ ಎನ್ನುತ್ತದೆ. ಹೊರಗೆ ತೆಗೆದಿಟ್ಟಾಗ ಮಸೂರಗಳ ಮೇಲೆ ನೇರ ಬಿಸಿಲು ಬೀಳದಂತೆ ಅವಳಿಗೆ ತಿಳಿಸಿಕೊಡಿ: ಮಸೂರ ಬಿಸಿಲನ್ನು ಒಂದೆಡೆ ಸೇರಿಸಿ ಒಳಗಿನ ಪರದೆಯನ್ನು ಸುಟ್ಟುಬಿಡುತ್ತದೆ, ಆ ಕಲೆ ಮತ್ತೆ ಹೋಗುವುದಿಲ್ಲ.