ದಾದಿ ಹೇಳಿದ ಝುಲೈಖಾ

ವಿಜಯಪುರದ ಓದುಗರೊಬ್ಬರ ಪತ್ರ: "ಹೋದ ಸಂಚಿಕೆಯಲ್ಲಿ ಯೂಸುಫ್–ಝುಲೈಖಾ ಲೇಖನ ಓದಿದೆ. 'ಕುರ್‌ಆನ್ ಹೇಳುವಂತೆ ಕೊನೆಗೆ ಇಬ್ಬರಿಗೂ ಮದುವೆಯಾಯಿತು' ಎಂದು ಹಾಕಿದ್ದೀರಿ. ಚಿಕ್ಕವಳಿದ್ದಾಗ ನನ್ನ ದಾದಿಯೂ (ಅಪ್ಪನ ತಾಯಿ) ಹೀಗೇ ಹೇಳುತ್ತಿದ್ದರು. ಮುದುಕಿಯಾಗಿ ದಾರಿ ಬದಿಯ ಗುಡಿಸಲಲ್ಲಿ ಕೂತ ಝುಲೈಖಾ, ಅವಳಿಗೆ ಮತ್ತೆ ಬಂದ ಹರೆಯ, ಎಲ್ಲ ನೆನಪಿದೆ. ಈಗ ಕುರ್‌ಆನನ್ನು ಕನ್ನಡದಲ್ಲಿ ಓದುತ್ತಿದ್ದೇನೆ. ಅಲ್ಲಿ ಮದುವೆಯೂ ಇಲ್ಲ, ಝುಲೈಖಾ ಅನ್ನುವ ಹೆಸರೂ ಇಲ್ಲ. ಇದೆಲ್ಲ ಸುಳ್ಳು, ಮಕ್ಕಳಿಗೆ ಹೇಳಬೇಡ ಅಂತಾನೆ ಮಗ. ನನ್ನ ದಾದಿ ಹೇಳಿದ್ದು ಸುಳ್ಳೇ?"

ಆತ್ಮೀಯರೇ,

ಮೊದಲು ನಮ್ಮ ತಪ್ಪು. 'ಕುರ್‌ಆನ್ ಹೇಳುವಂತೆ' ಎಂಬ ಮಾತು ಅಲ್ಲಿ ಬರಬಾರದಿತ್ತು. ಅಚ್ಚಿಗೆ ಹೋಗುವ ಮುಂಚೆ ನಾನೇ ಓದಿದ್ದೆ, ಆದರೂ ಕಣ್ಣಿಗೆ ಬೀಳಲಿಲ್ಲ. ಕ್ಷಮಿಸಿ.

ನಿಮ್ಮ ಪ್ರಶ್ನೆ ಮಾತ್ರ ಒಂದು ತಿದ್ದುಪಡಿಯಲ್ಲಿ ಮುಗಿಯುವಂಥದ್ದಲ್ಲ. ಪತ್ರ ಬಂದಾಗಿನಿಂದ ಅದೇ ತಲೆಯಲ್ಲಿದೆ.

ಕುರ್‌ಆನಿನ 12ನೇ ಸೂರಾ (ಅಧ್ಯಾಯ) ಪ್ರವಾದಿ ಯೂಸುಫರ ಹೆಸರಿನದು. 111 ಆಯತ್‌ಗಳು, ಅಂದರೆ ವಚನಗಳು. ಪ್ರವಾದಿ ಮೂಸಾ ಅವರ ಕಥೆ ಬೇರೆ ಬೇರೆ ಸೂರಾಗಳಲ್ಲಿ ತುಂಡು ತುಂಡಾಗಿ ಬರುತ್ತದೆ. ಯೂಸುಫರದ್ದು ಹಾಗಲ್ಲ. ಹುಡುಗ ಕಂಡ ಕನಸಿನಿಂದ ಅದು ನಿಜವಾಗುವವರೆಗೆ ಒಂದೇ ಕಡೆ ಇದೆ. ಕಥೆಗಳಲ್ಲೆಲ್ಲ ಸೊಗಸಾದುದನ್ನು ಹೇಳುತ್ತಿದ್ದೇವೆ ಎಂದು ಮೂರನೇ ಆಯತ್ತೇ ಹೇಳುತ್ತದೆ.

ಅದರಲ್ಲಿ ಆ ಹೆಂಗಸು 'ಅಝೀಝನ ಹೆಂಡತಿ', ಅಂದರೆ ಈಜಿಪ್ಟಿನ ದೊಡ್ಡ ಅಧಿಕಾರಿಯ ಹೆಂಡತಿ, ಅಷ್ಟೇ. ಯೂಸುಫ್ ಇರುವುದು ಅವಳ ಮನೆಯಲ್ಲಿ. ಅವರನ್ನು ಸೆಳೆಯಲು ಬಾಗಿಲು ಹಾಕುತ್ತಾಳೆ. ಯೂಸುಫ್ ಓಡುತ್ತಾರೆ, ಅವರ ಅಂಗಿ ಹಿಂದಿನಿಂದ ಹರಿಯುತ್ತದೆ. ಊರ ಹೆಂಗಸರು ಆಡಿಕೊಂಡಾಗ ಅವರನ್ನು ಕರೆಸಿ ಕೈಗೆ ಚಾಕು ಕೊಡುತ್ತಾಳೆ. ಯೂಸುಫರನ್ನು ನೋಡುತ್ತ ಅವರು ಕೈ ಕೊಯ್ದುಕೊಳ್ಳುತ್ತಾರೆ. ಎಷ್ಟೋ ವರ್ಷಗಳ ಮೇಲೆ ರಾಜ ವಿಚಾರಿಸಿದಾಗ ಅವಳೇ ಬಾಯಿ ಬಿಡುತ್ತಾಳೆ: ಈಗ ನಿಜ ಹೊರಬಿತ್ತು, ಸೆಳೆಯಲು ನೋಡಿದ್ದು ನಾನೇ, ಅವರು ಸತ್ಯವಂತರು. ಆಮೇಲೆ ಅವಳ ಸುದ್ದಿಯೇ ಇಲ್ಲ. ಕಥೆ ಬರಗಾಲದ ಕಡೆಗೆ, ಅಣ್ಣಂದಿರ ಕಡೆಗೆ ಹೊರಟುಹೋಗುತ್ತದೆ.

ತಪ್ಪು ಒಪ್ಪಿಕೊಂಡವಳು ಆಮೇಲೆ ಏನಾದಳು? ಕಥೆ ಕೇಳುತ್ತಿರುವ ಮಗು ಇದನ್ನು ಕೇಳದೆ ಮಲಗುವುದಿಲ್ಲ, ಅಲ್ವಾ? ಸಾವಿರ ವರ್ಷದಿಂದ ಈ ಕಥೆಯನ್ನು ಮತ್ತೆ ಮತ್ತೆ ಹೇಳುತ್ತ ಬಂದವರೆಲ್ಲ ಈ ಒಂದು ಪ್ರಶ್ನೆಯ ಸುತ್ತಲೇ ಕೂತಿದ್ದಾರೆ ಅಂತ ನನಗನಿಸುತ್ತದೆ.

923ರಲ್ಲಿ ಬಾಗ್ದಾದಿನಲ್ಲಿ ತೀರಿಕೊಂಡ ತಬರಿ ದೊಡ್ಡ ಇತಿಹಾಸಕಾರ, ದೊಡ್ಡ ವ್ಯಾಖ್ಯಾನಕಾರ. ಅಝೀಝ್ ಸತ್ತ ಮೇಲೆ ರಾಜ ಅವಳನ್ನು ಯೂಸುಫರಿಗೆ ಮದುವೆ ಮಾಡಿಕೊಟ್ಟ ಎಂಬ ಮಾತು ಅವರಲ್ಲೇ ಸಿಗುತ್ತದೆ. ಇಂಥವರು ಹೀಗೆ ಹೇಳಿದರು ಎಂದು ಕೇಳಿದ್ದನ್ನು ದಾಖಲಿಸುವ ರೀತಿ ಅದು. ಅಲ್ಲಿ ಅವಳ ಹೆಸರು ರಾಈಲ್. ಪ್ರವಾದಿಗಳ ಕಥೆಗಳನ್ನು ಒಟ್ಟು ಮಾಡಿದ ನಿಶಾಪುರದ ಸಅಲಬಿ ಬಂದದ್ದು ಅವರಾದ ಸುಮಾರು ನೂರು ವರ್ಷಕ್ಕೆ. ಇಂಥ ಸುದ್ದಿಗಳಲ್ಲಿ ಎಷ್ಟೋ ಯಹೂದಿ, ಕ್ರೈಸ್ತ ಮೂಲದಿಂದ ಹರಿದು ಬಂದವು. 'ಇಸ್ರಾಯೀಲಿಯ್ಯಾತ್' ಅಂತ ಅವನ್ನು ಬೇರೆ ಮಾಡಿ ಇಡುವ ಪದ್ಧತಿ ಮುಸ್ಲಿಂ ವಿದ್ವಾಂಸರಲ್ಲೇ ಇದೆ. 1373ರಲ್ಲಿ ತೀರಿಕೊಂಡ ದಮಾಸ್ಕಸ್‌ನ ಇಬ್ನ್ ಕಸೀರ್ ಈ ಜರಡಿ ಹಿಡಿದವರಲ್ಲಿ ಹೆಸರಾದವರು. ಹಾಗಾಗಿ ನಿಮ್ಮ ಮಗನ ಮಾತನ್ನು ಸುಮ್ನೆ ತಳ್ಳಿಹಾಕಬೇಡಿ. ಯಾವುದು ದೇವರ ಮಾತು, ಯಾವುದು ಜನರ ಮಾತು ಎಂದು ಗೆರೆ ಎಳೆಯುವುದು ಅವರ ಹಕ್ಕು. 'ಸುಳ್ಳು' ಅನ್ನುವ ಪದಕ್ಕೆ ಮಾತ್ರ ನಾನು ಒಪ್ಪುವುದಿಲ್ಲ.

ಯಾಕೆ ಅಂತ ಹೇಳಲು ಹೆರಾತಿನ (ಇಂದಿನ ಅಫ್ಘಾನಿಸ್ತಾನ) ಕವಿ ಜಾಮಿಯವರ ಹತ್ತಿರ ಹೋಗಬೇಕು. ಅವರು ಸೂಫಿ, ಧರ್ಮಶಾಸ್ತ್ರ ಆಳವಾಗಿ ಬಲ್ಲವರು. 1483ರಲ್ಲಿ ಪಾರಸಿಯಲ್ಲಿ 'ಯೂಸುಫ್ ವ ಝುಲೈಖಾ' ಬರೆದರು. ಇಲ್ಲಿ ಝುಲೈಖಾ ಪಶ್ಚಿಮದ ಒಬ್ಬ ರಾಜನ ಮಗಳು. ಯೂಸುಫರನ್ನು ಮೂರು ಸಲ ಕನಸಿನಲ್ಲಿ ಕಾಣುತ್ತಾಳೆ. ಈಜಿಪ್ಟಿನ ಅಝೀಝ್ ಎಂದರೆ ಅವರೇ ಎಂದುಕೊಂಡು ಮದುವೆಗೆ ಒಪ್ಪಿ ಅಷ್ಟು ದೂರ ಬರುತ್ತಾಳೆ. ಡೇರೆಯ ಸಂದಿಯಿಂದ ಗಂಡನಾಗುವವನನ್ನು ನೋಡುತ್ತಾಳೆ. ಅವನಲ್ಲ! ಅಲ್ಲಿಂದ ಅವಳ ಅಳು ಶುರು. ಕೊನೆಗೆ ಆಸ್ತಿ ಹೋಗಿ, ಕೂದಲು ಬೆಳ್ಳಗಾಗಿ, ಅತ್ತು ಅತ್ತು ಕಣ್ಣೂ ಹೋಗುತ್ತದೆ. ಯೂಸುಫರ ಸವಾರಿ ಹೋಗುವ ದಾರಿಯಲ್ಲಿ ಗುಡಿಸಲು ಕಟ್ಟಿಕೊಂಡು ಕುದುರೆ ಸದ್ದಿಗೆ ಕಿವಿಗೊಟ್ಟು ಕೂರುತ್ತಾಳೆ.

ಕಣ್ಣು ಹೋದದ್ದು ಗಮನಿಸಿ. ಕುರ್‌ಆನಿನಲ್ಲಿ ಯೂಸುಫರಿಗಾಗಿ ಕೊರಗಿ ಕಣ್ಣು ಬೆಳ್ಳಗಾಗುವುದು ತಂದೆ ಯಾಕೂಬರಿಗೆ. ಆ ದುಃಖವನ್ನು ಜಾಮಿ ತೆಗೆದು ಝುಲೈಖಾಗೆ ಕೊಟ್ಟಿದ್ದಾರೆ. ಯೂಸುಫ್ ದೇವರನ್ನು ಬೇಡುತ್ತಾರೆ, ಅವಳಿಗೆ ಕಣ್ಣೂ ಹರೆಯವೂ ಮರಳುತ್ತವೆ, ಮದುವೆಯಾಗುತ್ತದೆ.

ಇನ್ನು ಅಂಗಿ. ಬೈಬಲ್ಲಿನಲ್ಲಿ ಯೋಸೇಫನ ಬಟ್ಟೆ ಅವಳ ಕೈಯಲ್ಲಿ ಉಳಿದು ಅವನ ಮೇಲೇ ಸಾಕ್ಷಿಯಾಗುತ್ತದೆ. ಕುರ್‌ಆನಿನಲ್ಲಿ ಅದೇ ಬಟ್ಟೆ ಅವರನ್ನು ಕಾಯುತ್ತದೆ: ಹಿಂದಿನಿಂದ ಹರಿದಿದ್ದರೆ ಓಡಿದ್ದು ಅವರು. ಅಂಗಿ ಮೂರು ಸಲ ಬರುತ್ತದೆ. ಅಣ್ಣಂದಿರು ಸುಳ್ಳು ರಕ್ತ ಹಚ್ಚಿ ತಂದದ್ದು, ಹಿಂದಿನಿಂದ ಹರಿದದ್ದು, ಕೊನೆಗೆ ಯಾಕೂಬರ ಮುಖದ ಮೇಲೆ ಹಾಕಿದೊಡನೆ ಕಣ್ಣು ಬಂದದ್ದು. ಜಾಮಿ ನಾಲ್ಕನೇ ಸಲ ತರುತ್ತಾರೆ. ಮದುವೆಯಾದ ಮೇಲೆ ಒಂದು ದಿನ ಝುಲೈಖಾ ಓಡುತ್ತಾಳೆ, ಯೂಸುಫ್ ಹಿಡಿಯಲು ಹೋಗಿ ಅವಳ ಅಂಗಿ ಹಿಂದಿನಿಂದ ಹರಿಯುತ್ತದೆ. ಲೆಕ್ಕ ಸರಿಹೋಯಿತು ಅನ್ನುತ್ತಾಳೆ! ಸೂರಾ ಬಾಯಿಪಾಠ ಇದ್ದವರಿಗೆ ಇದನ್ನು ಕೇಳಿದಾಗ ಎಷ್ಟು ಖುಷಿಯಾಗಿರಬೇಡ. ಕುರ್‌ಆನಿನ ಜಾಗದಲ್ಲಿ ಇಡಲು ಬರೆದದ್ದಲ್ಲ ಇದು. ಅದು ಎದೆಯಲ್ಲಿದ್ದವರಿಗೆ ಮಾತ್ರ ಪೂರ್ತಿ ರುಚಿಸುತ್ತದೆ.

1488ರಲ್ಲಿ ಅದೇ ಹೆರಾತಿನಲ್ಲಿ ಬಿಹ್ಜಾದ್ ಬರೆದ ಚಿತ್ರ ಈಗ ಕೈರೋದಲ್ಲಿದೆ. ಮೇಲೆ ಕೆಳಗೆ ಮೆಟ್ಟಿಲು, ಒಂದರ ಹಿಂದೆ ಒಂದು ಮುಚ್ಚಿದ ಬಾಗಿಲು, ಓಡುತ್ತಿರುವ ಯೂಸುಫ್. ಆ ಹಸ್ತಪ್ರತಿ ಹಳೆಯ ಪಾರಸಿ ಕವಿ ಸಾದಿಯವರ 'ಬೂಸ್ತಾನ್'. ಆದರೆ ಚಿತ್ರದಲ್ಲಿರುವುದು ಜಾಮಿ ಹೇಳಿದ ಏಳು ಕೋಣೆಗಳ ಅರಮನೆ. ಐದು ವರ್ಷ ಆಗಿತ್ತಷ್ಟೇ, ಹೊಸ ಕಥೆ ಹಳೆಯ ಪುಸ್ತಕದೊಳಗೆ ಹೊಕ್ಕು ಕೂತಿತ್ತು.

ಆ ಕಥೆ ನಿಮ್ಮೂರಿಗೂ ಬಂತು. ಬಿಜಾಪುರದ ಆದಿಲ್ ಶಾಹಿ ರಾಜ್ಯ 1686ರಲ್ಲಿ ಔರಂಗಜೇಬನ ಕೈಸೇರಿತು. ಆ ಕಾಲದ ಆಸುಪಾಸಿನಲ್ಲೇ ಅಲ್ಲಿನ ಕವಿ ಹಾಶ್ಮಿ ದಖ್ಖನಿ ಉರ್ದುವಿನಲ್ಲಿ 'ಯೂಸುಫ್ ಝುಲೈಖಾ' ಬರೆದರು. ಹೆಂಗಸರ ಬಾಯಲ್ಲಿ, ಹೆಂಗಸರು ಮನೆಯಲ್ಲಿ ಆಡುವ ಮಾತಿನಲ್ಲೇ ಗಜಲ್ ಬರೆದು ಹೆಸರಾದವರು ಅವರು. ಅವರಿಗೂ ಕಣ್ಣು ಕಾಣುತ್ತಿರಲಿಲ್ಲ. ಯಾಕೂಬರ ಕಣ್ಣು, ಝುಲೈಖಾಳ ಕಣ್ಣು, ಅದನ್ನು ಹೇಳಲು ಕೂತ ಕಣ್ಣಿಲ್ಲದ ಕವಿ. ಇದನ್ನು ನೆನೆದಾಗಲೆಲ್ಲ ನನಗೆ ಮೈ ಜುಮ್ಮೆನ್ನುತ್ತದೆ.

ನಿಮ್ಮ ದಾದಿ ಹೇಳಿದ್ದು ಅದೇ ಊರಿನಲ್ಲಿ. ಮೊಮ್ಮಕ್ಕಳಿಗೆ ಹೇಳಿ. ಸೂರಾದಲ್ಲಿ ಇರುವುದನ್ನು ಮೊದಲು ಹೇಳಿ, ಆಮೇಲೆ 'ಇನ್ನು ಮುಂದಿನದು ನನ್ನ ದಾದಿ ಹೇಳಿದ್ದು' ಎಂದು ಶುರು ಮಾಡಿ. ನಿಮ್ಮ ಮಗನೂ ಪಕ್ಕದಲ್ಲಿ ಕೂತು ಕೇಳಬಹುದು.

ಒಂದು ಕೋರಿಕೆ. ಜಾಮಿಯವರಲ್ಲಿ ಆ ಗುಡಿಸಲು ಜೊಂಡಿನದು. ನಿಮ್ಮ ದಾದಿಯ ಕಥೆಯಲ್ಲಿ ಯಾವುದರದ್ದಾಗಿತ್ತು? ನೆನಪಿದ್ದರೆ ದಯವಿಟ್ಟು ಬರೆಯಿರಿ, ಅವರದೇ ಮಾತಿನಲ್ಲಿ.

— ಸಂಪಾದಕ