ಪಾಪರ್ ಅರ್ಜಿ ಹಾಕಿದರೆ ಸಾಲ ಹೋಗುತ್ತಾ?

ಪ್ರಶ್ನೆ: ದಾವಣಗೆರೆಯಲ್ಲಿ ನನ್ನದೊಂದು ಸಣ್ಣ ಟೈಲರಿಂಗ್ ಅಂಗಡಿ. ಮನೆ ಅಡ ಇಟ್ಟು ಬ್ಯಾಂಕಿನಲ್ಲಿ 6 ಲಕ್ಷ ಸಾಲ ಮಾಡಿದ್ದೇನೆ. ಕೈಸಾಲ ಬೇರೆ 4 ಲಕ್ಷ ಇದೆ. ಒಬ್ಬರಿಗೆ ಸಹಿ ಹಾಕಿದ ಖಾಲಿ ಚೆಕ್ ಕೊಟ್ಟಿದ್ದೇನೆ. ‘ಸೈಟನ್ನು ಹೆಂಡತಿ ಹೆಸರಿಗೆ ಮಾಡಿ ಪಾಪರ್ ಅರ್ಜಿ ಹಾಕಿಬಿಡು’ ಅಂತಾರೆ ಭಾವ. ಹಾಕಲಾ ಸಾರ್?

ಉತ್ತರ: ಮೊದಲು ಸೈಟಿನ ವಿಚಾರ. ಆ ಕೆಲಸ ಮಾಡಲೇಬೇಡಿ. ದಾನಪತ್ರ ಮಾಡಿದ ಎರಡು ವರ್ಷದೊಳಗೆ ದಿವಾಳಿ ಅರ್ಜಿ ಬಿದ್ದರೆ ಕೋರ್ಟು ಆ ಪತ್ರವನ್ನೇ ರದ್ದು ಮಾಡಬಹುದು. ನಿಮ್ಮ ಮೇಲಿನ ನಂಬಿಕೆಯೂ ಹೋಗುತ್ತದೆ.

ಅಂದಹಾಗೆ, ಜನ ‘ಪಾಪರ್’ ಅಂತಾರೆ. ಕೋರ್ಟಿನಲ್ಲಿ ಪಾಪರ್ ಅಂದರೆ ಕೋರ್ಟ್ ಫೀ ಕಟ್ಟಲೂ ಆಗದವರು. ನಿಮ್ಮದು ದಿವಾಳಿ ಅರ್ಜಿ. 2016ರ ಹೊಸ ದಿವಾಳಿ ಸಂಹಿತೆ ಹೆಚ್ಚಾಗಿ ಕಂಪನಿಗಳಿಗೆ, ಅವುಗಳ ಸಾಲಕ್ಕೆ ಜಾಮೀನು ನಿಂತವರಿಗೆ. ನಿಮ್ಮಂಥ ಒಬ್ಬರೇ ಮಾಲೀಕರ ಅಂಗಡಿಗೆ ಈಗಲೂ 1920ರ ಕಾನೂನೇ ಗತಿ. ಅದರ ಪ್ರಕಾರ 500 ರೂಪಾಯಿ ಸಾಲವಿದ್ದರೂ ಅರ್ಜಿ ಹಾಕಬಹುದು! ನೂರು ವರ್ಷ ದಾಟಿದರೂ ಆ ಮೊತ್ತ ಬದಲಾಗಿಲ್ಲ.

ಆದರೆ ಅರ್ಜಿ ಹಾಕಿದ ಮಾತ್ರಕ್ಕೆ ಸಾಲ ಹೋಗಲ್ಲ. ಕೋರ್ಟು ದಿವಾಳಿ ಅಂತ ಘೋಷಿಸಿದರೆ ನಿಮ್ಮ ಆಸ್ತಿ ರಿಸೀವರ್ (ಆಸ್ತಿ ನೋಡಿಕೊಳ್ಳಲು ಕೋರ್ಟು ನೇಮಿಸುವ ವ್ಯಕ್ತಿ) ಕೈಗೆ ಹೋಗುತ್ತದೆ. ಅದನ್ನು ಮಾರಿ ಕೈಸಾಲದವರಿಗೆ ಹಂಚುತ್ತಾರೆ. ಆಮೇಲೆ ಕೋರ್ಟು ಬಿಡುಗಡೆ ಆದೇಶ ಕೊಟ್ಟರಷ್ಟೇ ಉಳಿದ ಬಾಕಿಯಿಂದ ಮುಕ್ತಿ. ಮನೆ ಅಡ ಇಟ್ಟುಕೊಂಡ ಬ್ಯಾಂಕಿಗೆ ಇದು ಯಾವುದೂ ಅಡ್ಡಿಯಲ್ಲ.

ಒಂದು ಸಮಾಧಾನ ಇದೆ. ಕಸುಬಿನ ಸಲಕರಣೆ, ಅಡುಗೆ ಪಾತ್ರೆ, ಹಾಸಿಗೆ, ತಾಳಿ ಇವನ್ನು ಮುಟ್ಟುವಂತಿಲ್ಲ. ಹಿಂದೆ ನನ್ನ ಕಕ್ಷಿದಾರರೊಬ್ಬರ ಮನೆಗೆ ಜಪ್ತಿಗೆ ಬಂದ ಕೋರ್ಟಿನ ಅಮೀನರು ಹೊಲಿಗೆ ಮೆಷಿನ್ನನ್ನೂ ಪಟ್ಟಿಗೆ ಸೇರಿಸಿದ್ದರು. ಅದರ ಮೇಲೆ ಅರ್ಧ ಹೊಲಿದ ರವಿಕೆ ಇನ್ನೂ ಹಾಗೇ ಇತ್ತು. ಸಿವಿಲ್ ಪ್ರಕ್ರಿಯಾ ಸಂಹಿತೆಯ 60ನೇ ಕಲಂ ತೋರಿಸಿ ಬಿಡಿಸಿಕೊಂಡೆವು. ಮೆಷಿನ್ನನ್ನೇ ಅಡ ಇಟ್ಟಿದ್ದರೆ ಮಾತ್ರ ಈ ರಕ್ಷಣೆ ಸಿಗಲ್ಲ.

ನನಗೆ ಜಾಸ್ತಿ ಭಯ ಆ ಚೆಕ್ಕಿನದು. ಅದು ಬೌನ್ಸ್ ಆದರೆ ಕ್ರಿಮಿನಲ್ ಕೇಸು. ದಿವಾಳಿ ಅರ್ಜಿ ಅದನ್ನು ತಡೆಯಲ್ಲ. ಬೌನ್ಸ್ ಆದಮೇಲೆ ಸಾಲ ಕೊಟ್ಟವರು ಕಳಿಸುವ ನೋಟಿಸ್ ಕೈಸೇರಿದ 15 ದಿನದೊಳಗೆ ಹಣ ಕೊಡಬೇಕು. ಈಗಲೇ ಅವರ ಹತ್ತಿರ ಹೋಗಿ ಕಂತು ಮಾತಾಡಿ, ಕೊಟ್ಟಷ್ಟಕ್ಕೆ ರಸೀದಿ ತಗೊಳ್ಳಿ.

ಬ್ಯಾಂಕಿಗೂ ಈ ವಾರವೇ ಹೋಗಿ. ‘60 ದಿನದಲ್ಲಿ ಸಾಲ ಕಟ್ಟಿ, ಇಲ್ಲದಿದ್ದರೆ ಮನೆ ವಶಕ್ಕೆ’ ಅನ್ನುವ ಬ್ಯಾಂಕಿನ ನೋಟಿಸ್ ಬರುವವರೆಗೆ ಸುಮ್ನೆ ಕೂರಬೇಡಿ. ಕಂತು ಇಳಿಸಿ, ಇಲ್ಲವೇ ಒಂದೇ ಸಲ ತೀರಿಸುವ ಮೊತ್ತ ಹೇಳಿ ಅಂತ ಬರೆದುಕೊಡಿ. ನಿಮ್ಮ ಪ್ರತಿಗೆ ಸೀಲು, ತಾರೀಖು ಹಾಕಿಸಿಕೊಳ್ಳೋದನ್ನು ಮರೆಯಬೇಡಿ.