ಎರಡನೆಯ ಪ್ರಾಶಸ್ತ್ಯ ಕೊಟ್ಟರೆ ಮೊದಲನೆಯವರಿಗೆ ನಷ್ಟವೇ?

ಪ್ರಶ್ನೆ: ಅಮೆರಿಕದ ಒರೆಗಾನ್ ರಾಜ್ಯದ ಪೋರ್ಟ್‌ಲ್ಯಾಂಡ್‌ನಲ್ಲಿ ನೆಲೆಸಿ ಅಲ್ಲಿನ ಪೌರತ್ವ ಪಡೆದಿರುವ ನಮ್ಮ ಮಗ 2024ರ ನವೆಂಬರ್‌ನಲ್ಲಿ ನಗರ ಮಂಡಳಿಯ ಚುನಾವಣೆಗೆ ಮತ ಹಾಕಿದ. ಒಂದು ಕ್ಷೇತ್ರದಿಂದ ಮೂವರು ಆಯ್ಕೆಯಾಗಬೇಕಿತ್ತು. ಆರು ಮಂದಿಯವರೆಗೆ ಪ್ರಾಶಸ್ತ್ಯ ಸೂಚಿಸಲು ಅವಕಾಶವಿತ್ತು. ಎರಡನೆಯ ಹೆಸರನ್ನು ಗುರುತಿಸಿದರೆ ಮೊದಲನೆಯವರಿಗೆ ಹೊಡೆತ ಬೀಳುತ್ತದೆಂದು ಒಬ್ಬರನ್ನೇ ಗುರುತಿಸಿ ಕಳುಹಿಸಿದನಂತೆ. ಅವನ ಲೆಕ್ಕ ಸರಿಯೇ? ನಾಲ್ಕನೆಯ ಒಂದು ಪಾಲು ಮತ ಪಡೆದವರು ಗೆದ್ದಂತಾಗುವುದು ಹೇಗೆ?
– ಓದುಗರೊಬ್ಬರು, ಮೈಸೂರು

ಉತ್ತರ: ನಿಮ್ಮ ಮಗನ ಲೆಕ್ಕ ಸರಿಯಲ್ಲ. ಮೊದಲ ಪ್ರಾಶಸ್ತ್ಯ ಪಡೆದವರು ಗೆಲ್ಲುವವರೆಗೆ ಇಲ್ಲವೇ ಸೋತು ಕಣದಿಂದ ಹೊರಬೀಳುವವರೆಗೆ ಎರಡನೆಯ ಗುರುತನ್ನು ಯಾರೂ ನೋಡುವುದೇ ಇಲ್ಲ. ಹೀಗಿರುವಾಗ ಅದು ಮೊದಲನೆಯವರಿಗೆ ಕೇಡು ಮಾಡುವುದಾದರೂ ಹೇಗೆ?

ಗೆಲುವಿನ ಮಿತಿ ಶೇ 25ಕ್ಕಿಂತ ಒಂದು ಮತ ಹೆಚ್ಚು ಎಂದು ನಿಗದಿಯಾಗಿರುವುದಕ್ಕೆ ಕಾರಣ ಸರಳ: ಅಷ್ಟು ಮತಗಳನ್ನು ಮೂವರು ಪಡೆಯಬಹುದೇ ಹೊರತು ನಾಲ್ವರು ಪಡೆಯಲಾಗದು. ಒಂದು ಕ್ಷೇತ್ರದಲ್ಲಿ 60,000 ಸಿಂಧು ಮತಗಳಿವೆ ಎಂದುಕೊಳ್ಳಿ. ಆಗ ಮಿತಿ 15,001. ಒಬ್ಬ ಅಭ್ಯರ್ಥಿಗೆ 20,001 ಮತ ಬಂದರೆ ಹೆಚ್ಚುವರಿಯಾದ 5,000 ಮತ ವ್ಯರ್ಥವಾಗುವುದಿಲ್ಲ. ಆಕೆಗೆ ಬಂದ ಅಷ್ಟೂ ಮತಪತ್ರಗಳು ಸುಮಾರು ಕಾಲು ಮತದ ಮೌಲ್ಯದೊಡನೆ ಮುಂದಿನ ಪ್ರಾಶಸ್ತ್ಯದವರಿಗೆ ವರ್ಗಾವಣೆಯಾಗುತ್ತವೆ. ಉಳಿದ ಮುಕ್ಕಾಲು ಭಾಗ ಆಕೆಯನ್ನು ಗೆಲ್ಲಿಸಿದ್ದಕ್ಕೆ ಸಂದಿರುತ್ತದೆ. ಹೆಚ್ಚುವರಿ ಹಂಚಿದ ಮೇಲೂ ಸ್ಥಾನ ಉಳಿದಿದ್ದರೆ, ಅತಿ ಕಡಿಮೆ ಮತ ಪಡೆದವರನ್ನು ಕೈಬಿಟ್ಟು, ಅವರ ಮತಪತ್ರಗಳನ್ನು ಮುಂದಿನ ಹೆಸರಿಗೆ ಸೇರಿಸುತ್ತ ಹೋಗುತ್ತಾರೆ. ಒಬ್ಬರನ್ನೇ ಗುರುತಿಸಿದ ಮತಪತ್ರ ಈ ಹಂತದಲ್ಲಿ ಎಣಿಕೆಯಿಂದ ಹೊರಗುಳಿಯುತ್ತದೆ. ನಷ್ಟವೆಂದರೆ ಇದೇ, ಮತ್ತು ಅದು ಅಭ್ಯರ್ಥಿಯದಲ್ಲ, ನಿಮ್ಮ ಮಗನದು.

ಈ ಪದ್ಧತಿ ನಮಗೆ ತೀರಾ ಅಪರಿಚಿತವೂ ಅಲ್ಲ. ಕರ್ನಾಟಕದಿಂದ ರಾಜ್ಯಸಭೆಯ ನಾಲ್ಕು ಸ್ಥಾನಗಳಿಗೆ ಚುನಾವಣೆ ನಡೆದಾಗ ಪ್ರತಿ ಶಾಸಕರ ಮತಕ್ಕೂ 100ರ ಮೌಲ್ಯ ಕೊಟ್ಟು, 224 ಮತಗಳೂ ಸಿಂಧುವಾದರೆ 22,400ನ್ನು ಐದರಿಂದ ಭಾಗಿಸಿ ಒಂದನ್ನು ಕೂಡಿಸಿ 4,481ರ ಕೋಟಾ ನಿಗದಿ ಮಾಡುತ್ತಾರೆ. ಆದ್ದರಿಂದಲೇ ಗೆಲ್ಲಲು 45 ಶಾಸಕರ ಬೆಂಬಲ ಬೇಕೆಂಬ ಮಾತು ಪತ್ರಿಕೆಗಳಲ್ಲಿ ಪ್ರತಿ ಬಾರಿ ಕಾಣುತ್ತದೆ. ವ್ಯತ್ಯಾಸವಿಷ್ಟೇ: ಇಲ್ಲಿ ಪಕ್ಷಗಳು ಮೊದಲೇ ಕುಳಿತು ಲೆಕ್ಕ ಹಾಕಿ ತಮ್ಮ ಶಾಸಕರನ್ನು ಹಂಚಿಕೊಂಡಿರುತ್ತವೆ, ಅಲ್ಲಿ ಸಾಮಾನ್ಯ ಮತದಾರರು ಮನೆಗೆ ಅಂಚೆಯಲ್ಲಿ ಬಂದ ಮತಪತ್ರವನ್ನು ಮುಂದಿಟ್ಟುಕೊಂಡು ತಾವೇ ನಿರ್ಧರಿಸಬೇಕು. ಆ ಮತಪತ್ರವೂ ಸಣ್ಣದಲ್ಲ. ಮೂರನೆಯ ಕ್ಷೇತ್ರದಲ್ಲಿ 30 ಅಭ್ಯರ್ಥಿಗಳಿದ್ದರು. ಹೆಸರೊಂದಕ್ಕೆ ಆರರಂತೆ ಅಂಡಾಕಾರದ 180 ಗುರುತುಗಳ ನಡುವೆ ಆಯ್ದು ಕಪ್ಪು ಮಾಡಬೇಕಿತ್ತು. ನಗರ ಮಂಡಳಿಯ ಭಾಗವನ್ನೇ ಖಾಲಿ ಬಿಟ್ಟವರ ಸಂಖ್ಯೆ ಕಡಿಮೆಯಿರಲಿಲ್ಲ ಎಂಬುದರಲ್ಲಿ ನನಗೆ ಆಶ್ಚರ್ಯವಿಲ್ಲ.

ಪ್ರಶ್ನೆ: ಮೂವರ ಬದಲು ಒಬ್ಬೊಬ್ಬರನ್ನೇ ಆರಿಸುವ 12 ವಾರ್ಡುಗಳನ್ನು ಮಾಡಿದ್ದರೆ ಸಾಕಿತ್ತಲ್ಲವೇ?
– ಮತ್ತೊಬ್ಬ ಓದುಗರು, ಶಿವಮೊಗ್ಗ

ಉತ್ತರ: ಪೋರ್ಟ್‌ಲ್ಯಾಂಡ್‌ನಲ್ಲಿ 1913ರಿಂದ ಮೇಯರ್ ಮತ್ತು ನಾಲ್ವರು ಕಮಿಷನರುಗಳನ್ನು ಇಡೀ ನಗರವೇ ಆರಿಸುತ್ತಿತ್ತು, ಆ ಐವರೇ ಶಾಸನ ಮಾಡಿ, ಇಲಾಖೆಗಳನ್ನೂ ನಡೆಸುತ್ತಿದ್ದರು. ನಗರದ ಪೂರ್ವ ಭಾಗದಿಂದ ಗೆದ್ದು ಬಂದವರು ವಿರಳ. ವಾರ್ಡು ಮಾಡಿದ್ದರೆ ಪ್ರದೇಶದ ಕೊರತೆ ನೀಗುತ್ತಿತ್ತು, ನಿಜ. ಆದರೆ ಒಂದು ವಾರ್ಡಿನಲ್ಲಿ ಶೇ 30ರಷ್ಟಿರುವ ಬಾಡಿಗೆದಾರರ ಅಭ್ಯರ್ಥಿಗೆ ಅಲ್ಲಿ ಗೆಲುವಿನ ಭರವಸೆ ಇರುವುದಿಲ್ಲ. ಮೂವರ ಕ್ಷೇತ್ರದಲ್ಲಿ ಅದೇ ಶೇ 30 ಜನ ಒಗ್ಗಟ್ಟಾಗಿ ಮತ ಹಾಕಿದರೆ ಒಂದು ಸ್ಥಾನ ಖಚಿತ. 2022ರಲ್ಲಿ ಮತದಾರರು ಒಪ್ಪಿದ ಹೊಸ ವ್ಯವಸ್ಥೆ ನಾಲ್ಕು ಕ್ಷೇತ್ರಗಳನ್ನು ರಚಿಸಿ, ಇಲಾಖೆಗಳ ಆಡಳಿತವನ್ನು ಸದಸ್ಯರ ಕೈಯಿಂದ ತೆಗೆಯಿತು. 12 ಎಂಬ ಸಮಸಂಖ್ಯೆಯನ್ನು ಆರಿಸಿದ್ದು ಮಾತ್ರ ಜಾಣತನವೆಂದು ನನಗೆ ತೋರುವುದಿಲ್ಲ. ಮಂಡಳಿ ಆರು–ಆರಾಗಿ ಒಡೆದರೆ ಮಂಡಳಿಯ ಸದಸ್ಯರಲ್ಲದ ಮೇಯರ್ ಬಂದು ನಿರ್ಣಾಯಕ ಮತ ಹಾಕಬೇಕಾಗುತ್ತದೆ.